ಸಿಂಹಕ್ಕೆ ಜೀವ ಕೊಟ್ಟವರು ಯಾರು?

ದೊಡ್ಡೇರಿಯಿಂದ ಮಧುಗಿರಿಗೆ ಕಾಲೇಜಿಗೆ ಹೋಗುವ ನನ್ನ ಚಿಕ್ಕಪ್ಪನ ಮಗ ಬಸ್ಸಿನಲ್ಲಿ ಕಿಟಕಿಯಾಚೆ ನೋಡಿದ್ದೇ ಇಲ್ಲ. ಅವನದು ಯಾವಾಗಲೂ ಮೊಬೈಲ್‌ನಲ್ಲಿ ಮಂತ್ರವಾದಿಗಳ ಆಟ. ಬೆಂಕಿಯ ಮಂತ್ರ ಕಲಿತವರದು ಒಂದು ಪಂಗಡ, ಹಿಮದವರದು ಇನ್ನೊಂದು, ಸತ್ತವರನ್ನು ಎಬ್ಬಿಸುವವರದು ಮತ್ತೊಂದು.

“ಅಣ್ಣಾ, ಬೆಂಕಿ ಮಂತ್ರಕ್ಕೆ ಗಾಳಿ ಮಂತ್ರ ಸೇರಿಸಿದ್ರೆ ಊರೇ ಭಸ್ಮ. ನಮ್ ಕನ್ನಡದಲ್ಲಿ ಇಂಥದ್ದು ಯಾಕಿಲ್ಲ?” ಎಂದ ಮೊನ್ನೆ. ಬಿ.ಎ.ಯಲ್ಲಿ ಐಚ್ಛಿಕ ಕನ್ನಡ ಓದಿ, ಎರಡು ವರ್ಷದಿಂದ ಕೆಲಸ ಹುಡುಕುತ್ತಿರುವ ನನ್ನನ್ನು ಕೇಳುವ ಮಾತೇ ಇದು?

ಇಂಥ ಆಟಗಳಿಗೆಲ್ಲ ದೊಡ್ಡಣ್ಣನಂತಿರುವ ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಬಂದದ್ದು 1974ರಲ್ಲಿ, ಅಮೆರಿಕದಲ್ಲಿ. ಅದರ ಮುಂದಿನ ಆವೃತ್ತಿಗಳಲ್ಲಿ ಮಾಯೆಗೆ ಎಂಟು ಶಾಖೆಗಳಿವೆ. ಅದಕ್ಕೂ ಎಷ್ಟೋ ಶತಮಾನ ಮೊದಲು, ಸುಮಾರು ಕ್ರಿ.ಶ. 1100ರಲ್ಲಿ, ನಾಗಚಂದ್ರ ಬರೆದ ‘ರಾಮಚಂದ್ರಚರಿತ ಪುರಾಣ’ದಲ್ಲಿ ರಾವಣ ವಿದ್ಯಾಧರ ಕುಲದವನು. ಅಲ್ಲಿ ಮಾಯೆಗೆ ‘ವಿದ್ಯೆ’ ಎಂದೇ ಹೆಸರು. ನಾವು ಕಾಲೇಜಿಗೆ ಫೀಸು ಕಟ್ಟಿ ಕಲಿಯುವುದಕ್ಕೂ ಅದೇ ಹೆಸರು! ಕೊನೆಯ ಯುದ್ಧಕ್ಕೆ ಮುಂಚೆ ರಾವಣ ಬಹುರೂಪಿಣಿ ವಿದ್ಯೆಗಾಗಿ ಶಾಂತಿನಾಥನ ಬಸದಿಯಲ್ಲಿ ಅಲುಗದೆ ಕೂರುತ್ತಾನೆ. ವಿದ್ಯೆ ಸಿದ್ಧಿಸುತ್ತದೆ. ಅದೇ ಹಮ್ಮಿನಲ್ಲಿ ಸೀತೆಯ ಮುಂದೆ ಹೋಗಿ ನಿಂತರೆ ಅವಳು ಕದಲುವುದಿಲ್ಲ. ಕದಲುವುದು ಅವನ ಮನಸ್ಸೇ.

ಆದರೆ ಬೇರೆ ಬೇರೆ ವಿದ್ಯೆಗಳನ್ನು ಬೆರೆಸುವ ಕತೆ ಬೇಕೆಂದರೆ ಬೇತಾಳನ ಹತ್ತಿರವೇ ಹೋಗಬೇಕು. ಕಾಶ್ಮೀರದ ಸೋಮದೇವ 11ನೇ ಶತಮಾನದಲ್ಲಿ ಬರೆದ ‘ಕಥಾಸರಿತ್ಸಾಗರ’ದಲ್ಲಿ ನಾಲ್ವರು ಅಣ್ಣತಮ್ಮಂದಿರಿದ್ದಾರೆ. ಗತಿಗೆಟ್ಟ ಅವರು ಒಬ್ಬೊಬ್ಬರೂ ಒಂದೊಂದು ವಿದ್ಯೆ ಕಲಿತು ಬರೋಣ ಎಂದು ದಿಕ್ಕಿಗೊಬ್ಬರಂತೆ ಹೋಗುತ್ತಾರೆ. ಮತ್ತೆ ಸೇರಿದಾಗ ಕಾಡಿನಲ್ಲಿ ಒಂದು ಮೂಳೆ ಸಿಗುತ್ತದೆ. ಮೊದಲನೆಯವನು ಅದಕ್ಕೆ ಮಾಂಸ ತುಂಬುತ್ತಾನೆ, ಎರಡನೆಯವನು ಚರ್ಮ, ಕೂದಲು. ಮೂರನೆಯವನು ಅಂಗಾಂಗ ಜೋಡಿಸಿದಾಗ ಸಿಂಹ ತಯಾರು. ನಾಲ್ಕನೆಯವನು ಜೀವ ಕೊಡುತ್ತಾನೆ. ಎದ್ದ ಸಿಂಹ ನಾಲ್ವರನ್ನೂ ಕೊಂದು ತಿನ್ನುತ್ತದೆ. ಇದೇ ಬಗೆಯ ಪಂಚತಂತ್ರದ ಕತೆಯಲ್ಲಿ ಮಾತ್ರ ನಾಲ್ಕನೆಯವನಿಗೆ ಯಾವ ವಿದ್ಯೆಯೂ ಇಲ್ಲ. ಅವನು ಮೊದಲೇ ಮರ ಹತ್ತಿ ಉಳಿದುಕೊಳ್ಳುತ್ತಾನೆ.

ನಮ್ಮೂರಲ್ಲೂ ನಾವು ನಾಲ್ವರಿದ್ದೆವು. ಎಲ್ಲರೂ ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರೇ. ಸುತ್ತಲ ಹಳ್ಳಿಗಳವರಿಗೆ ಉದ್ಯೋಗ ಮಾಹಿತಿ ಕೊಡಲು ವಾಟ್ಸ್‌ಆ್ಯಪ್ ಗ್ರೂಪ್ ಮಾಡಿದ್ದೆವು. ಒಂದು ದಿನ ಒಬ್ಬನಿಗೆ ಎಲ್ಲಿಂದಲೋ ನೇಮಕಾತಿ ಪ್ರಕಟಣೆಯ ಅರ್ಧ ಹಾಳೆಯ ಫೋಟೊ ಸಿಕ್ಕಿತು. ಅವನು ಕಾಣದ ಸಾಲುಗಳನ್ನು ಊಹಿಸಿ ಟೈಪ್ ಮಾಡಿದ. ಇನ್ನೊಬ್ಬ ಚೆಂದದ ಪೋಸ್ಟರ್ ಮಾಡಿದ. ಮೂರನೆಯವನು ಎಐ ದನಿ ಸೇರಿಸಿ ವಿಡಿಯೊ ಮಾಡಿದ, ಟಿ.ವಿ. ವಾರ್ತೆಯ ಹಾಗೇ ಇತ್ತು. ಗ್ರೂಪಿಗೆ ಹಾಕುವ ಕೆಲಸ ನನ್ನದು. ಪ್ರಕಟಣೆಯ ತಾರೀಖು ಎಲ್ಲೂ ಇಲ್ಲದ್ದು ನನ್ನ ಕಣ್ಣಿಗೆ ಬಿದ್ದಿತ್ತು. ಬೇರೆ ಗ್ರೂಪಿನವರಿಗಿಂತ ಮುಂಚೆ ಹಾಕಬೇಕಿತ್ತು, ಹಾಕಿಬಿಟ್ಟೆ.

ಎರಡು ದಿನ ಬಿಟ್ಟು ನಮ್ಮ ಬೀದಿಯ ಅಕ್ಕ ಒಬ್ಬರು ಗಾರ್ಮೆಂಟ್ಸ್ ಕೆಲಸಕ್ಕೆ ರಜೆ ಹಾಕಿ, ಅಂಕಪಟ್ಟಿಗಳ ಜೆರಾಕ್ಸ್ ಮಾಡಿಸಿಕೊಂಡು, ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ತುಮಕೂರಿಗೆ ಹೋದರು. ಆ ನೇಮಕಾತಿ ಮುಗಿದು ಎರಡು ವರ್ಷವಾಗಿತ್ತಂತೆ. ಸಂಜೆ ನಮ್ಮ ಮನೆ ಬಾಗಿಲಿಗೆ ಬಂದರು. ಬೈಯಲಿಲ್ಲ. “ನೀನು ಓದ್ದೋನು ಅಂತ ನಂಬ್ದೆ ಕಣಪ್ಪಾ” ಅಂದು ಹೊರಟರು. ಬೈದಿದ್ದರೇ ವಾಸಿಯಿತ್ತು.

ಆ ರಾತ್ರಿ ಕೆರೆ ಏರಿಯ ಮೇಲೆ ನಾವು ನಾಲ್ವರೂ ಜಗಳವಾಡಿದೆವು. “ನಾನು ಬರೀ ಟೈಪ್ ಮಾಡ್ದೆ”, “ನಾನು ಬರೀ ಡಿಸೈನ್ ಮಾಡ್ದೆ”. ಬೇತಾಳ ವಿಕ್ರಮ ರಾಜನಿಗೆ ಕೇಳಿದ್ದೂ ಇದನ್ನೇ: ನಾಲ್ವರಲ್ಲಿ ತಪ್ಪು ಯಾರದು? ರಾಜ ಹೇಳಿದ: ಉಳಿದವರಿಗೆ ಅದು ಯಾವ ಪ್ರಾಣಿಯೆಂದು ತಿಳಿದಿರಲಿಲ್ಲ, ಸಿಂಹವೆಂದು ಕಣ್ಣಾರೆ ಕಂಡೂ ವಿದ್ಯೆ ಮೆರೆಯಲು ಜೀವ ಕೊಟ್ಟವನದೇ ತಪ್ಪು. ಸಣ್ಣವನಿದ್ದಾಗ ಹಳೆಯ ‘ಚಂದಮಾಮ’ಗಳಲ್ಲಿ ಬೇತಾಳನ ಕತೆ ಓದುವಾಗ ಬೇತಾಳ ಮತ್ತೆ ಮರಕ್ಕೆ ಹಾರುವುದನ್ನೇ ಕಾಯುತ್ತಿದ್ದೆ, ತೀರ್ಪಿನ ಕಡೆ ಗಮನವೇ ಇರುತ್ತಿರಲಿಲ್ಲ. ಈಗಲೂ ರಾಜ ಮೊದಲಿನ ಮೂವರನ್ನು ಸುಲಭವಾಗಿ ಬಿಟ್ಟುಬಿಟ್ಟ ಅನಿಸುತ್ತದೆ. ಮೂಳೆ ಯಾವುದರದು ಎಂದು ಒಬ್ಬನಾದರೂ ಕೇಳಬೇಕಿತ್ತು. ಆದರೆ ನನ್ನ ಮಟ್ಟಿಗೆ ತೀರ್ಪು ಸರಿಯಾಗಿಯೇ ಇದೆ.

ಮಾರನೇ ದಿನ ಅಕ್ಕನ ಮನೆಗೆ ಹೋಗಿ ತಪ್ಪೊಪ್ಪಿಕೊಂಡೆ. ಬಸ್ ಚಾರ್ಜ್ ಕೊಡಲು ಹೋದರೆ ತೆಗೆದುಕೊಳ್ಳಲಿಲ್ಲ. ಗ್ರೂಪಿನಲ್ಲಿ ‘ಇದು ಹಳೆಯದು, ಯಾರೂ ಹೋಗಬೇಡಿ’ ಎಂದು ಹಾಕಿದೆ. ಈಗ ನಾವು ಮೂಲ ಅಧಿಸೂಚನೆ ಇಲಾಖೆಯ ವೆಬ್‌ಸೈಟಿನಲ್ಲಿ ಕಾಣುವವರೆಗೆ ಏನನ್ನೂ ಹಾಕುವುದಿಲ್ಲ. ಹೀಗಾಗಿ ಎಲ್ಲರಿಗಿಂತ ಹಿಂದೆ ಬೀಳುತ್ತೇವೆ. ಕೆಲವರು ಗ್ರೂಪ್ ಬಿಟ್ಟೂ ಹೋದರು.

ಚಿಕ್ಕಪ್ಪನ ಮಗನಿಗೆ ಇಷ್ಟೂ ಹೇಳುವಷ್ಟರಲ್ಲಿ ಮಧುಗಿರಿ ಬಂತು. ಬಸ್ಸಿಳಿದು ಫೋನ್ ತೆಗೆದರೆ ಶಿರಾ ಕಡೆಯ ಪರಿಚಯದವರೊಬ್ಬರ ಮೆಸೇಜ್ ಇತ್ತು. ನಮ್ಮದೇ ವಿಡಿಯೊ ನನಗೇ ಕಳಿಸಿ ಕೇಳಿದ್ದರು: “ಬ್ರದರ್, ಲಾಸ್ಟ್ ಡೇಟ್ ಯಾವಾಗ?”