ಬೆಂಗಳೂರಿನ ವಲಸೆಗೇರಿಗಳು

‘ವಲಸೆ’ ಎಂಬ ಶಬ್ದಕ್ಕೆ ಈಗ ರೂಢಿಯಲ್ಲಿರುವ ಅರ್ಥವು ಅದರ ಮೊದಲಿನ ಅರ್ಥವಲ್ಲ. ಶತ್ರುಸೈನ್ಯದ ಭಯದಿಂದ ಜನರು ಹೆಂಡಿರುಮಕ್ಕಳೊಡನೆಯೂ ದನಕರುಗಳೊಡನೆಯೂ ಊರು ಬಿಟ್ಟು ಹೋಗುವುದನ್ನು ಹಿಂದಿನವರು ವಲಸೆಯೆಂದು ಕರೆಯುತ್ತಿದ್ದರು. ಹಾಗೆ ಹೊರಟವನು ಬೇರೊಂದು ನೆಲದಲ್ಲಿ ಒಲೆ ಹೂಡಿ, ಕಸುಬು ಹಿಡಿದು, ತೆರಿಗೆ ತೆರುವವನಾದರೆ ಅವನು ‘ಒಕ್ಕಲು’ ಎನಿಸಿಕೊಳ್ಳುತ್ತಿದ್ದನು. ಭಯದಿಂದಲ್ಲದೆ ಲಾಭದ ಆಸೆಯಿಂದಲೋ ದೊರೆಯ ಕರೆಯಿಂದಲೋ ಬರುವವರನ್ನೂ ಇಂದು ನಾವು ವಲಸೆಗಾರರೆಂದೇ ಹೇಳುತ್ತೇವೆ. ಕಾರಣವು ಯಾವುದೇ ಇರಲಿ, ಪಟ್ಟಣವೊಂದರ ಚರಿತ್ರೆಯೆಂದರೆ ಬಹುಮಟ್ಟಿಗೆ ವಲಸೆಯು ಒಕ್ಕಲಾದ ಚರಿತ್ರೆಯೇ ಆಗಿರುತ್ತದೆ. ಬೆಂಗಳೂರಿನ ವಿಷಯದಲ್ಲಿ ಈ ಮಾತು ವಿಶೇಷವಾಗಿ ಸಲ್ಲುವುದು.

ಈ ಚರಿತ್ರೆಯನ್ನು ಅರಿಯಲು ಗ್ರಂಥಗಳು ಎಷ್ಟು ಅವಶ್ಯವೋ ಕಾಲ್ನಡೆಯೂ ಅಷ್ಟೇ ಅವಶ್ಯ. ಹಳೆಯ ಪೇಟೆಯ ಬೀದಿಗಳು ವಾಹನಗಳ ವೇಗಕ್ಕಾಗಿ ಹುಟ್ಟಿದವುಗಳಲ್ಲ. ಹೊರೆ ಹೊತ್ತವರ ನಡಿಗೆಗೂ ಎತ್ತುಗಳ ನಡಿಗೆಗೂ ತಕ್ಕಂತೆ ಹುಟ್ಟಿದವು. ಮಾರ್ಗದರ್ಶಕನ ನೆರವಿಲ್ಲದೆಯೇ ಒಂದು ಬೆಳಗಿನ ಹೊತ್ತಿನಲ್ಲಿ ಅವುಗಳನ್ನು ಸುತ್ತಿಬರಬಹುದು. ಆದರೆ ನೋಡತಕ್ಕದ್ದು ಯಾವುದು, ನೋಡಿದ್ದನ್ನು ಎಷ್ಟರಮಟ್ಟಿಗೆ ನಂಬತಕ್ಕದ್ದು ಎಂಬ ವಿವೇಕವು ಹೊರಡುವುದಕ್ಕೆ ಮೊದಲೇ ಇರಬೇಕು.

ಬೀದಿಯಲ್ಲಿ ದೊರೆಯುವ ಸಾಧನಗಳು ಮುಖ್ಯವಾಗಿ ಮೂರು. ಮೊದಲನೆಯದು ಸ್ಥಳನಾಮ, ಎರಡನೆಯದು ಆರಾಧನೆ, ಎಂದರೆ ಗುಡಿ, ಮಸೀದಿ, ಇಗರ್ಜಿ, ಜಾತ್ರೆಗಳು, ಮೂರನೆಯದು ಮನೆಮಾತು. ಇವುಗಳಲ್ಲಿ ಸ್ಥಳನಾಮವು ಬಹುಕಾಲ ಬಾಳುವುದು. ಜನರು ಹೋದಮೇಲೂ ಅವರ ಹೆಸರು ಬೀದಿಯಲ್ಲಿ ನಿಲ್ಲುವುದು. ಆದರೆ ಹೆಸರಿಗೆ ಹೇಳುವ ಕಥೆಯನ್ನು ಪರೀಕ್ಷಿಸದೆ ಒಪ್ಪಬಾರದು. ಹೊಯ್ಸಳ ವೀರಬಲ್ಲಾಳನಿಗೆ ಮುದುಕಿಯೊಬ್ಬಳು ಬೆಂದ ಕಾಳನ್ನು ಕೊಟ್ಟದ್ದರಿಂದ ಊರಿಗೆ ಹೆಸರು ಬಂತೆಂಬ ಕಥೆಯು ಎಲ್ಲರಿಗೂ ತಿಳಿದದ್ದೇ. ಬಲ್ಲಾಳನು ೧೨ನೆಯ ಶತಮಾನದ ಕೊನೆಯವನು; ಬೇಗೂರಿನ ವೀರಗಲ್ಲಿನ ಶಾಸನವಾದರೋ ಅವನಿಗಿಂತ ಸುಮಾರು ಮುನ್ನೂರು ವರ್ಷ ಮೊದಲು, ಕ್ರಿ. ಶ. ೮೯೦ರ ಸುಮಾರಿನಲ್ಲಿಯೇ, ಬೆಂಗಳೂರಿನ ಕಾಳಗವನ್ನು ಹೇಳುತ್ತದೆ. ಆದಕಾರಣ ಕಥೆಯು ಎಷ್ಟು ಸೊಗಸಾಗಿದ್ದರೂ ಅದು ಚರಿತ್ರೆಯಾಗಲಾರದು. ವಲಸೆಗೇರಿಗಳ ಐತಿಹ್ಯಗಳಿಗೂ ಇದೇ ಅಳತೆಗೋಲನ್ನು ಹಿಡಿಯಬೇಕು.

ಪೇಟೆಗೆ ಜನರು ಬಂದ ಕ್ರಮವು ರಾಜ್ಯಗಳು ಕೈಬದಲಾದ ಕ್ರಮವನ್ನು ಬಹುಮಟ್ಟಿಗೆ ಅನುಸರಿಸುತ್ತದೆ. ಯಲಹಂಕನಾಡಿನ ಕೆಂಪೇಗೌಡನು ೧೫೩೭ರಲ್ಲಿ ಮಣ್ಣಿನ ಕೋಟೆಯನ್ನು ಕಟ್ಟಿಸಿ ಪೇಟೆಯನ್ನು ನೆಲೆಗೊಳಿಸಿದನೆಂದು ಹೇಳುವುದು ರೂಢಿ. ೧೬೩೮ರಲ್ಲಿ ಬಿಜಾಪುರದ ಸೇನಾನಿ ರಣದುಲ್ಲಾ ಖಾನನು ಊರನ್ನು ಹಿಡಿದನು. ಅದು ಷಹಜಿ ಭೋಸಲೆಗೆ ಜಹಗೀರಾಗಿ ಬಂತು. ಅವನ ಮಗನಾದ ಏಕೋಜಿಯು ೧೬೬೯ರಲ್ಲಿ ಮಲ್ಲಾಪುರದ ಮಲ್ಲಿಕಾರ್ಜುನ ದೇವರಿಗೆ, ಎಂದರೆ ಇಂದಿನ ಮಲ್ಲೇಶ್ವರದ ಕಾಡುಮಲ್ಲೇಶ್ವರನಿಗೆ, ಗ್ರಾಮದಾನ ಮಾಡಿದ ಶಾಸನವುಂಟು. ಹೊರಗಿನಿಂದ ಬಂದ ಒಡೆಯನು ನೆಲದ ದೇವರನ್ನು ತನ್ನದಾಗಿ ಮಾಡಿಕೊಂಡದ್ದಕ್ಕೆ ಇದೊಂದು ನಿದರ್ಶನ. ೧೬೮೭ರಲ್ಲಿ ಮೊಗಲರ ಕಾಸಿಂ ಖಾನನು ಊರನ್ನು ವಶಪಡಿಸಿಕೊಂಡನು. ಬಳಿಕ ಮೈಸೂರಿನ ಚಿಕ್ಕದೇವರಾಜ ಒಡೆಯರು ಮೂರು ಲಕ್ಷ ರೂಪಾಯಿಗಳಿಗೆ ಅದನ್ನು ಕೊಂಡರು. ಆಮೇಲೆ ಹೈದರಲಿ, ಟಿಪ್ಪುಸುಲ್ತಾನರ ಆಳ್ವಿಕೆ. ೧೭೯೧ರ ಮಾರ್ಚಿ ೭ರಂದು ಪೇಟೆಯೂ ೨೧ರಂದು ಕೋಟೆಯೂ ಕಾರ್ನ್‌ವಾಲಿಸನ ಸೈನ್ಯದ ಪಾಲಾದವು. ಪ್ರತಿಯೊಂದು ಸೈನ್ಯದ ಹಿಂದೆಯೂ ಲೆಕ್ಕಿಗರು, ವರ್ತಕರು, ಕಸುಬುದಾರರು ಬಂದರು. ಸೈನ್ಯಗಳು ಹಿಂದಿರುಗಿದವು, ಇವರಲ್ಲಿ ಅನೇಕರು ಹಿಂದಿರುಗಲಿಲ್ಲ.

ನಡಿಗೆಯನ್ನು ಪಶ್ಚಿಮದ ಬಳೇಪೇಟೆಯಿಂದ ಆರಂಭಿಸಿ ಪೂರ್ವದ ತಿಗಳರಪೇಟೆಯಲ್ಲಿ ಮುಗಿಸುವುದು ಅನುಕೂಲ. ದೂರವು ಸುಮಾರು ಒಂದು ಮೈಲಿ. ಬಳೇಪೇಟೆಯಲ್ಲಿ ಈಗ ಬಳೆಗಳಿಗಿಂತ ವಾದ್ಯಗಳ ಅಂಗಡಿಗಳು ಹೆಸರಾಗಿವೆ. ಮುಂದೆ ಚಿಕ್ಕಪೇಟೆ, ಇಲ್ಲಿನ ಆದಿನಾಥ ಜಿನಾಲಯವು ಗುಜರಾತು, ರಾಜಸ್ಥಾನಗಳ ಕಡೆಯಿಂದ ಬಂದ ಶ್ವೇತಾಂಬರ ವರ್ತಕರ ನೆಲೆಯನ್ನು ತೋರಿಸುತ್ತದೆ. ಕನ್ನಡನಾಡಿನ ಪ್ರಾಚೀನ ಜೈನರು ದಿಗಂಬರರು. ಆದುದರಿಂದ ‘ಜೈನ’ ಎಂಬ ಒಂದೇ ಮಾತಿನಿಂದ ಪಂಪನ ಪರಂಪರೆಯನ್ನೂ ಚಿಕ್ಕಪೇಟೆಯ ಜವಳಿ ವರ್ತಕರನ್ನೂ ಒಟ್ಟುಗೂಡಿಸಿದರೆ ವಿದ್ಯಾರ್ಥಿಗಳಿಗೆ ಭ್ರಾಂತಿಯುಂಟಾಗುವುದು.

ಚಿಕ್ಕಪೇಟೆಯ ಬೀದಿಯು ದೊಡ್ಡಪೇಟೆಯ ಬೀದಿಯನ್ನು ಕೂಡುವಲ್ಲಿ ಚೌಕವುಂಟು. ಕೆಂಪೇಗೌಡನು ನಾಲ್ಕು ದಿಕ್ಕಿಗೆ ನೇಗಿಲುಗಳನ್ನು ಹೂಡಿಸಿ ಬೀದಿಗಳ ಗೆರೆಯೆಳೆಸಿದನೆಂಬ ಐತಿಹ್ಯವು ಈ ಚೌಕಕ್ಕೆ ಸೇರಿದ್ದು. ದೊಡ್ಡಪೇಟೆಯ ಹೆಸರು ಇಂದು ಅವೆನ್ಯೂ ರಸ್ತೆಯೆಂದಾಗಿದೆ. ದಕ್ಷಿಣಕ್ಕೆ, ಕೃಷ್ಣರಾಜೇಂದ್ರ ಮಾರುಕಟ್ಟೆಯ ಕಡೆಗೆ, ತಾರಾಮಂಡಲಪೇಟೆಯ ಸಂಗೀನ್ ಜಾಮಿಯಾ ಮಸೀದಿಯಿರುವುದು. ‘ಸಂಗೀನ್’ ಎಂದರೆ ಪಾರಸಿಯಲ್ಲಿ ಕಲ್ಲಿನದು ಎಂದರ್ಥ. ಮೊಗಲರ ಕಾಲಕ್ಕೆ ಹೇಳಲಾಗುವ ಈ ಮಸೀದಿಯ ಹತ್ತಿರದಲ್ಲಿಯೇ ಮಾಮೂಲ್‌ಪೇಟೆಯೂ ತರಗುಪೇಟೆಯೂ ಇವೆ. ‘ಮಾಮೂಲು’ ಅರಬ್ಬಿಯಿಂದ ಪಾರಸಿಯ ಮೂಲಕ ಬಂದ ಮಾತು. ‘ತರಗು’ ಎಂದರೆ ದಲ್ಲಾಳಿಯ ಕಸುಬು, ತಮಿಳಿಗೂ ಕನ್ನಡಕ್ಕೂ ಸಾಮಾನ್ಯವಾದ ಮಾತು. ಕೂಗಳತೆಯ ದೂರದಲ್ಲಿ ಇಷ್ಟು ಬೇರುಗಳ ಶಬ್ದಗಳು ‘ಪೇಟೆ’ಯೆಂಬ ಒಂದೇ ಉತ್ತರಪದವನ್ನು ಹೊಂದಿ ಕನ್ನಡ ಸಮಾಸಗಳಾಗಿ ನಿಂತಿರುವುದು ವೈಯಾಕರಣರು ಗಮನಿಸತಕ್ಕ ಸಂಗತಿ.

ಚೌಕದಿಂದ ಪೂರ್ವಕ್ಕೆ ಹೊರಳಿದರೆ ನಗರ್ತಪೇಟೆ. ಶಾಸನಗಳಲ್ಲಿ ‘ನಗರ’, ‘ನಕರ’ ಎಂಬ ಮಾತುಗಳು ವರ್ತಕರ ಸಂಘವನ್ನು ಹೇಳುತ್ತವೆ. ನಗರ್ತರೆಂಬ ವರ್ತಕ ಸಮುದಾಯದ ಹೆಸರಿಗೂ ಇವಕ್ಕೂ ಸಂಬಂಧವಿರಬಹುದು. ಇಲ್ಲಿಯೇ ಗುಂಡೋಪಂತ ಬೀದಿಯೆಂಬ ಹೆಸರು ಕಣ್ಣಿಗೆ ಬೀಳುವುದು. ‘ಪಂತ’ ಎಂಬ ಗೌರವವಾಚಕವು ಮರಾಠಿಯ ಪ್ರಭಾವವನ್ನು ಸಾರುತ್ತದೆ. ಉತ್ತರಕ್ಕೆ ನೇಕಾರರ ಕಬ್ಬನ್‌ಪೇಟೆ. ೧೮೩೪ರಿಂದ ೧೮೬೧ರ ವರೆಗೆ ಮೈಸೂರಿನ ಕಮಿಷನರಾಗಿದ್ದ ಮಾರ್ಕ್ ಕಬ್ಬನ್ನನ ಹೆಸರು ಇದಕ್ಕೆ ಬಂದಿದೆ. ೧೮೦೦ರಲ್ಲಿ ಬೆಂಗಳೂರಿಗೆ ಬಂದ ಫ್ರಾನ್ಸಿಸ್ ಬುಕಾನನ್ನನು ಇಲ್ಲಿನ ನೇಕಾರರಲ್ಲಿ ಪಟ್ಟೆಗಾರರು, ಖತ್ರಿಗಳು, ದೇವಾಂಗರು, ತೊಗಟರು ಎಂಬ ಪಂಗಡಗಳನ್ನು ಬೇರೆಬೇರೆಯಾಗಿ ಗುರುತಿಸಿದ್ದಾನೆ. ಇವರಲ್ಲಿ ಕೆಲವರ ಮನೆಮಾತು ತೆಲುಗು; ರೇಷ್ಮೆ ನೇಯುವ ಕೆಲವರದು ಗುಜರಾತಿ, ಮರಾಠಿಗಳಿಗೆ ಹತ್ತಿರವಾದ ನುಡಿ. ಮಗ್ಗವು ಒಂದೇ ಆದರೂ ಮನೆಯೊಳಗಿನ ಮಾತು ಹಲವು. ಮಗ್ಗದ ಮುಂದೆ ಕೊಳ್ಳುವವನೊಡನೆ ಆಡುವ ಮಾತು ಮಾತ್ರ ಕನ್ನಡ.

ನಡಿಗೆಯ ಕೊನೆಯ ಘಟ್ಟ ತಿಗಳರಪೇಟೆಯ ಧರ್ಮರಾಯನ ಗುಡಿ. ‘ತಿಗುಳ’ ಎಂಬುದು ಹಳಗನ್ನಡದಲ್ಲಿ ತಮಿಳನಿಗೆ ಹೇಳುವ ಹೆಸರು. ಆದುದರಿಂದ ತಿಗಳರ ಮೂಲವನ್ನು ಕುರಿತ ಸಾಕ್ಷ್ಯವು ಅವರ ಹೆಸರಿನಲ್ಲಿಯೇ ಇರುವುದು. ಆ ಹೆಸರನ್ನು ಅವರಿಗೆ ಕೊಟ್ಟವರು ಕನ್ನಡಿಗರು. ದ್ರೌಪದಿಯನ್ನು ಶಕ್ತಿಯೆಂದು ಪೂಜಿಸುವ ಪದ್ಧತಿಯು ತಮಿಳುನಾಡಿನ ಉತ್ತರಭಾಗದಲ್ಲಿ, ವಿಶೇಷವಾಗಿ ಚೆಂಜಿಯ ಸೀಮೆಯಲ್ಲಿ, ಪ್ರಬಲವಾದದ್ದು. ಹೆಸರೂ ಆರಾಧನೆಯೂ ಒಂದೇ ದಿಕ್ಕನ್ನು ತೋರಿಸುವುದರಿಂದ ಇಲ್ಲಿ ನಿರ್ಣಯವು ಬಲವಾಗುವುದು. ತೋಟಗಾರಿಕೆಯು ಇವರ ಕುಲಕಸುಬು. ಹೈದರಲಿಯು ೧೭೬೦ರಲ್ಲಿ ಆರಂಭಿಸಿದ ಲಾಲ್‌ಬಾಗಿನೊಡನೆ ಇವರ ಹೆಸರು ಸೇರಿಕೊಂಡಿದೆ. ಚೈತ್ರ ಪೂರ್ಣಿಮೆಯ ರಾತ್ರಿ ಸ್ತ್ರೀವೇಷದ ಅರ್ಚಕನು ತಲೆಯ ಮೇಲೆ ಕರಗವನ್ನು ಹೊತ್ತು, ಕತ್ತಿ ಹಿಡಿದ ವೀರಕುಮಾರರ ನಡುವೆ ಪೇಟೆಯ ಬೀದಿಗಳಲ್ಲಿ ಸಾಗುವನು. ಕಾಟನ್‌ಪೇಟೆಯಲ್ಲಿರುವ ತವಕ್ಕಲ್ ಮಸ್ತಾನರ ದರ್ಗಾಕ್ಕೂ ಭೇಟಿ ಕೊಡುವನು. ಒಂದು ಕಾಲಕ್ಕೆ ‘ತಿಗುಳ’ರೆಂದು ಹೊರಗಿನವರಾಗಿ ಗುರುತಿಸಲ್ಪಟ್ಟವರ ಕುಲೋತ್ಸವವೇ ಇಂದು ‘ಬೆಂಗಳೂರು ಕರಗ’ವೆಂದು ಊರಿನ ಹೆಸರನ್ನು ಹೊತ್ತಿದೆ. ವಲಸೆಯು ಒಕ್ಕಲಾಯಿತೆಂಬುದಕ್ಕೆ ಇದಕ್ಕಿಂತ ಪೂರ್ಣವಾದ ಪ್ರಮಾಣವು ಬೇಕಾಗಿಲ್ಲ.

ಎರಡನೆಯ ದಿನದ ನಡಿಗೆಯನ್ನು ದಂಡಿನ ಪ್ರದೇಶಕ್ಕೆ ಮೀಸಲಿಡಬಹುದು. ೧೮೦೯ರಲ್ಲಿ ಬ್ರಿಟಿಷರು ಹಲಸೂರಿನ ಬಳಿ ದಂಡನ್ನು ನೆಲೆಗೊಳಿಸಿದಮೇಲೆ ಅದಕ್ಕೆ ಬೇಕಾದ ದವಸ, ಕಟ್ಟಡ, ಚಾಕರಿಗಳಿಗಾಗಿ ತಮಿಳುನಾಡಿನ ಕಡೆಯ ಜನರು ಬಹುಸಂಖ್ಯೆಯಲ್ಲಿ ಬಂದರು. ಅವರಲ್ಲಿ ಪ್ರಸಿದ್ಧರಾದ ಆರ್ಕಾಟ್ ನಾರಾಯಣಸ್ವಾಮಿ ಮೊದಲಿಯಾರರು ೧೮೬೮ರಲ್ಲಿ ಪೂರ್ಣವಾದ ಅಠಾರಾ ಕಚೇರಿಯ ಗುತ್ತಿಗೆದಾರರು. ೧೮೭೩ರಲ್ಲಿ ವಿದ್ಯಾಶಾಲೆಯೊಂದನ್ನೂ ಸ್ಥಾಪಿಸಿದರು. ಹಿಂದೆ ಬ್ಲಾಕ್‌ಪಲ್ಲಿಯೆನಿಸಿದ್ದ ಶಿವಾಜಿನಗರದಲ್ಲಿ ಚೆಂಜಿಯಿಂದ ಬಂದ ತಮಿಳು ಕ್ರೈಸ್ತರು ನೆಲಸಿದರೆಂಬುದು ಐತಿಹ್ಯ. ೧೮೮೨ರಲ್ಲಿ ಪ್ರತಿಷ್ಠಿತವಾದ ಸಂತ ಮೇರಿಯ ದೇವಾಲಯವು ಅಲ್ಲಿರುವುದು. ಹೀಗೆ ಧರ್ಮರಾಯನ ಗುಡಿಯ ದಾರಿಯೂ ಈ ಇಗರ್ಜಿಯ ದಾರಿಯೂ ಒಂದೇ ಸೀಮೆಯನ್ನು ಮುಟ್ಟುವಂತೆ ತೋರುತ್ತದೆ. ಸಮೀಪದಲ್ಲಿಯೇ ರಸೆಲ್ ಮಾರುಕಟ್ಟೆ. ದಂಡಿನ ವ್ಯಾಪಾರದಲ್ಲಿ ಹೆಸರಾದವರಲ್ಲಿ ಕಚ್ಛ್ ಸೀಮೆಯ ಮೇಮನ್ ವರ್ತಕರೂ ಉಂಟು. ೧೮೮೧ರಲ್ಲಿ ಮೈಸೂರು ಒಡೆಯರಿಗೆ ಹಿಂದಿರುಗಿದರೂ ದಂಡಿನ ಪ್ರದೇಶವು ೧೯೪೭ರ ವರೆಗೆ ಬ್ರಿಟಿಷರ ಆಡಳಿತದಲ್ಲಿಯೇ ಉಳಿಯಿತು. ೧೯೪೯ರಲ್ಲಿ ಪೇಟೆಯೂ ದಂಡೂ ಒಂದೇ ನಗರಸಭೆಯ ಅಧೀನವಾದವು. ಪೇಟೆಗೆ ಬಂದವರು ಕನ್ನಡದ ಆಡಳಿತದೊಳಗೂ ಸಂತೆಯೊಳಗೂ ಸೇರಿಕೊಂಡರು. ದಂಡಿಗೆ ಬಂದವರಿಗೆ ಕನ್ನಡದ ಅವಶ್ಯಕತೆಯು ಬಹುಕಾಲ ಒದಗಲಿಲ್ಲ. ಒಂದೇ ಸೀಮೆಯಿಂದ ಬಂದ ಜನರ ನಡುವೆ ಇಂದಿಗೂ ಕಾಣುವ ಭಾಷಾಭೇದಕ್ಕೆ ಕಾರಣವನ್ನು ಅವರ ಸ್ವಭಾವದಲ್ಲಿ ಹುಡುಕದೆ ಈ ಆಡಳಿತಭೇದದಲ್ಲಿ ಹುಡುಕುವುದು ನ್ಯಾಯ.

ಸಾಹಿತ್ಯದ ಉಪಾಧ್ಯಾಯರಿಗೆ ಈ ವಿಷಯವು ಹೊರಗಿನದಲ್ಲ. ಮಾಸ್ತಿಯವರ ಮನೆಮಾತು ತಮಿಳು. ಬೇಂದ್ರೆಯವರ ಮನೆಮಾತು ಮರಾಠಿ. ಬೆಂಗಳೂರಿನ ಮಾತಿನ ಮಿಶ್ರಣವನ್ನೇ ನಾಟಕದ ಜೀವಾಳವಾಗಿಸಿದ ಕೈಲಾಸಂ ಅವರದೂ ತಮಿಳು. ಕನ್ನಡವು ಬಂದವರಿಗೆ ಬಾಗಿಲು ತೆರೆದ ಕಡೆಯಲ್ಲೆಲ್ಲ ಅವರಿಂದ ಬಡ್ಡಿಸಹಿತವಾಗಿ ಪಡೆದಿದೆ.

ಆದರೆ ಈ ಸಾಧನಗಳು ದಿನೇದಿನೇ ಕ್ಷೀಣಿಸುತ್ತಿವೆ. ೧೯೦೫ರಲ್ಲಿ ರೈಸ್ ಅವರು ಬೆಂಗಳೂರು ಜಿಲ್ಲೆಯ ಶಾಸನಸಂಪುಟವನ್ನು ಪ್ರಕಟಿಸಿದಾಗ ನಿಂತಿದ್ದ ಕಲ್ಲುಗಳಲ್ಲಿ ಎಷ್ಟೋ ಈಗ ಇಲ್ಲ. ಉಳಿದವುಗಳ ಅಕ್ಷರಗಳನ್ನು ಯಂತ್ರಸಾಧನಗಳಿಂದ ಸೆರೆಹಿಡಿಯುವ ಕಾರ್ಯವನ್ನು ಮಿಥಿಕ್ ಸೊಸೈಟಿಯವರು ಈಚಿನ ವರ್ಷಗಳಲ್ಲಿ ಕೈಗೊಂಡಿರುವರು. ಕಲ್ಲಿಗಾದರೂ ಇಂಥ ಕಾಪು ದೊರೆಯಿತು. ಮನೆಮಾತಿಗೆ ದೊರೆತಿಲ್ಲ, ಮೊಮ್ಮಕ್ಕಳು ಅಜ್ಜಿಯ ನುಡಿಯನ್ನು ಬಿಟ್ಟ ದಿನವೇ ಅದು ಆ ಮನೆಯಲ್ಲಿ ಮುಗಿಯುವುದು.

ಹಳೆಯದಕ್ಕೆ ಒದಗಿದ ಈ ಗತಿಯು ಹೊಸದಕ್ಕೆ ಒದಗಬಾರದು. ನಗರದ ವಾಯವ್ಯದಲ್ಲಿರುವ ಲಗ್ಗೆರೆಯನ್ನು ನೋಡಬಹುದು. ಹೆಸರಿನ ಕೊನೆಯ ‘ಗೆರೆ’ಯು, ದಾವಣಗೆರೆಯಲ್ಲಿರುವಂತೆ, ಕೆರೆಯೆಂಬುದರ ರೂಪವಾಗಿರಬಹುದು, ಎಂದರೆ ಅದು ಒಕ್ಕಲಿನ ಹಳ್ಳಿಯಾಗಿತ್ತು. ೧೯೭೦ರ ದಶಕದಲ್ಲಿ ನೆರೆಯ ಪೀಣ್ಯದಲ್ಲಿ ಕೈಗಾರಿಕಾ ಪ್ರದೇಶವು ಬೆಳೆದಮೇಲೆ ರಾಜ್ಯದ ಉತ್ತರದ ಜಿಲ್ಲೆಗಳಿಂದಲೂ ಹೊರರಾಜ್ಯಗಳಿಂದಲೂ ದುಡಿಯುವವರು ಬಂದು ಈ ಸುತ್ತಿನಲ್ಲಿ ನೆಲಸಿದರು. ದಕ್ಷಿಣಕ್ಕೆ ಸ್ವಲ್ಪ ದೂರದಲ್ಲಿ ಪಟ್ಟೆಗಾರಪಾಳ್ಯವೆಂಬ ಹೆಸರು, ರೇಷ್ಮೆ ನೇಕಾರರ ಹಿಂದಿನ ಚಲನೆಯೊಂದನ್ನು ನೆನಪಿಗೆ ತರುತ್ತದೆ. ನೇಕಾರರು ಪೇಟೆಗೆ ಬಂದ ಕಾಲದಲ್ಲಿ ಅವರು ಯಾರು, ಎಲ್ಲಿಂದ ಬಂದರು, ಏನು ಹಾಡಿದರು ಎಂದು ಬರೆದಿಟ್ಟವರು ವಿರಳ. ಅದನ್ನು ಅರಿಯಲು ಇಂದು ಒಬ್ಬ ವಿದೇಶೀಯನ ದಿನಚರಿಯನ್ನು ತೆರೆಯಬೇಕಾಗಿದೆ. ಲಗ್ಗೆರೆಯ ಶಾಲೆಗಳಲ್ಲಿ ಓದುವ ಮಕ್ಕಳ ಅಜ್ಜಿಯರು ಇನ್ನೂ ಮಾತನಾಡುತ್ತಿರುವರು; ಅವರ ಸೀಮೆಯ ಕನ್ನಡ, ಬೀಸುವ ಹಾಡು, ಬಿಟ್ಟುಬಂದ ಊರಿನ ದೇವರ ಹೆಸರು ಇವೆಲ್ಲವೂ ಇನ್ನೂ ಬಾಯಲ್ಲಿವೆ.

ಪೀಣ್ಯದಿಂದ ಮೆಟ್ರೋ ರೈಲಿನಲ್ಲಿ ಚಿಕ್ಕಪೇಟೆಯ ನಿಲ್ದಾಣಕ್ಕೆ ಹೋಗಿ ಮೇಲೆ ಹೇಳಿದ ಬೀದಿಗಳನ್ನು ವಿದ್ಯಾರ್ಥಿಗಳಿಗೆ ತೋರಿಸುವುದು ಉಪಾಧ್ಯಾಯರಿಗೆ ಕಷ್ಟವಲ್ಲ. ಅನಂತರ ಅದೇ ಮೂರು ಪ್ರಶ್ನೆಗಳನ್ನು, ಎಂದರೆ ಬೀದಿಯ ಹೆಸರೇನು, ಹಬ್ಬ ಯಾವುದು, ಮನೆಮಾತು ಯಾವುದು ಎಂಬುದನ್ನು, ತಮ್ಮ ಕೇರಿಯಲ್ಲಿಯೇ ಕೇಳಿ ಬರೆದುಕೊಳ್ಳುವಂತೆ ಅವರಿಗೆ ಹೇಳಬೇಕು. ಬರೆದವರ ಹೆಸರು, ಹೇಳಿದವರ ಸೀಮೆ, ದಿನಾಂಕ ಇವಿಷ್ಟು ಜೊತೆಗಿದ್ದರೆ ಅಂಥ ಕೈಬರಹವು ಮುಂದಿನ ಸಂಶೋಧಕನಿಗೆ ಶಾಸನದಷ್ಟೇ ಉಪಕಾರಿಯಾಗುವುದು.