ಗುಂಡು ಸುರಿದ ನಾಡಿನ ಸೇಬು-ಚೀಸ್ ಕೋಳಿ!

ಸಿನಿರಸಿಕರೇ, 'ದಿ ಲಾಂಗೆಸ್ಟ್ ಡೇ' (1962) ನೋಡಿದ್ದೀರಾ? 1944ರ ಜೂನ್ 6ರಂದು ಮಿತ್ರಪಡೆಗಳು ಫ್ರಾನ್ಸಿನ ನಾರ್ಮಂಡಿ ತೀರಕ್ಕೆ ನುಗ್ಗಿದ ಕಥೆ. ಜಾನ್ ವೇನ್ ಇದ್ದಾನೆ, ಗುಂಡಿನ ಸುರಿಮಳೆ ಇದೆ!

ಆದರೆ ಆ ಮರಳಿನ ಹಿಂದೆ ಇರೋದು ಹಸು, ಸೇಬಿನ ತೋಟ, ಕಮಾಂಬೇರ್ ಚೀಸು. ಈ ಚೀಸಿನ ತಾಯಿ ಎಂದು ಜನ ನಂಬುವ ಮರೀ ಹರೆಲ್‌ಳ ಪ್ರತಿಮೆ ವಿಮೂತಿಯೇ ಪಟ್ಟಣದಲ್ಲಿತ್ತು. ಅದೇ ಜೂನ್ 14ರಂದು ಅಮೆರಿಕದ ಬಾಂಬಿಗೆ ಊರೂ ಹಾಳಾಯ್ತು, ಪ್ರತಿಮೆಯೂ ಮುರೀತು. ಯುದ್ಧದ ನಂತರ ಹೊಸ ಪ್ರತಿಮೆಗೆ ದುಡ್ಡು ಕೊಟ್ಟವರು ಯಾರು ಗೊತ್ತೇ? ಅಮೆರಿಕದ ಒಹಾಯೋದ ಚೀಸ್ ಕಾರ್ಖಾನೆ ಕೆಲಸಗಾರರು!

ಆ ಸೇಬೂ ಆ ಚೀಸೂ ಕೋಳಿಯ ಎದೆಯೊಳಗೆ ಒಂದಾದರೆ ಅದರ ರುಚಿಯೇ ಬೇರೆ. ಮೂಳೆಯಿಲ್ಲದ ಎದೆಮಾಂಸವನ್ನು ಪಕ್ಕದಿಂದ ಜೇಬಿನ ಹಾಗೆ ಸೀಳಿ. ಆಚೆ ಬದಿ ತೂತಾಗಬಾರದು, ಹುಷಾರ್! ತೆಳ್ಳಗಿನ ಸೇಬಿನ ಹೋಳು, ಚೀಸಿನ ತುಂಡು ತುಂಬಿ, ಹಲ್ಲುಕಡ್ಡಿ ಚುಚ್ಚಿ ಬಾಯಿ ಮುಚ್ಚಿ. ಉಪ್ಪು, ಕಾಳುಮೆಣಸಿನ ಪುಡಿ ಸವರಿ, ಬೆಣ್ಣೆಯಲ್ಲಿ ಎರಡೂ ಬದಿ ಕೆಂಪಗೆ ಹುರಿಯಿರಿ. ಆಮೇಲೆ ಸಣ್ಣ ಉರಿ, ಮೇಲೊಂದು ಮುಚ್ಚಳ.

ಸಸ್ಪೆನ್ಸ್ ಇರೋದು ಇಲ್ಲೇ. ಎದೆಮಾಂಸದಲ್ಲಿ ಕೊಬ್ಬು ಕಮ್ಮಿ. ಹೆಚ್ಚು ಬೆಂದರೆ ಒಣಕಟ್ಟಿಗೆ, ಕಮ್ಮಿ ಬೆಂದರೆ ಹೊಟ್ಟೆಗೆ ಅಪಾಯ. ಮಾಂಸದ ಜೊತೆ ಒಳಗಿನ ಹೂರಣವೂ 74 ಡಿಗ್ರಿ ಸೆಲ್ಸಿಯಸ್ ಮುಟ್ಟಲೇಬೇಕು. ಇಳಿಸಿ 5 ನಿಮಿಷ ಸುಮ್ಮನೆ ಬಿಡಿ, ರಸ ಒಳಗೇ ನಿಲ್ಲುತ್ತೆ.

ಈಗ ಕೊಯ್ಯಿರಿ... ಕರಗಿದ ಚೀಸು ಹರಿದು ಬರುತ್ತೆ, ಹಿಂದೆಯೇ ಸೇಬಿನ ಹುಳಿ-ಸಿಹಿ. ಬಾಂಬು ಬಿದ್ದ ನೆಲ ಮತ್ತೆ ಹಾಲು ಕರೆದು, ಹಣ್ಣು ಬೆಳೆದು ಗೆದ್ದ ರುಚಿ ಇದು!