ಲಾರಿಗೆ ನಂಬರ್ ಪ್ಲೇಟ್ ಇದೆ, ಮಾಲೀಕರಿಗೆ ಟ್ರಾನ್ಸ್‌ಪೋರ್ಟರ್ ಐಡಿ ಇದೆಯಾ?

(ಈ ವಾರದ ಸಂಚಿಕೆಯ ಬರಹ ರೂಪ)

ಇವತ್ತಿನ ಸಂಚಿಕೆ ಹದಿನೈದು ಅಕ್ಷರಗಳ ಒಂದು ನಂಬರ್ ಬಗ್ಗೆ. ಒಂದೋ ಎರಡೋ ಗಾಡಿ ಇಟ್ಕೊಂಡು ಬಾಡಿಗೆ ಓಡಿಸೋರು, ಸಣ್ಣ ಬುಕಿಂಗ್ ಆಫೀಸ್ ನಡೆಸೋರು ದಯವಿಟ್ಟು ಪೂರ್ತಿ ಕೇಳಿ. ಲೋಡ್ ಕೊಡುವ ಪಾರ್ಟಿ ಫೋನ್‌ನಲ್ಲಿ "ನಿಮ್ಮ ಟ್ರಾನ್ಸ್‌ಪೋರ್ಟರ್ ಐಡಿ ಹೇಳಿ" ಅಂದಾಗ ಎಷ್ಟೋ ಜನ ಪರಿಚಯದವರ ನಂಬರ್ ಹೇಳಿಬಿಡ್ತಾರೆ. ಗಾಡಿ ಸರಾಗವಾಗಿ ಊರು ಸೇರಿದರೆ ಏನೂ ಗೊತ್ತಾಗಲ್ಲ. ದಾರಿಯಲ್ಲಿ ಕೆಟ್ಟು ನಿಂತಾಗ ಗೊತ್ತಾಗುತ್ತೆ.

ಈ ನಂಬರ್ ಯಾಕೆ ಬೇಕು?

ತೆರಿಗೆ ಸೇರಿ 50,000 ರೂಪಾಯಿಗಿಂತ ಹೆಚ್ಚು ಬೆಲೆಯ ಸರಕು ಸಾಗಿಸಬೇಕಾದರೆ ಸಾಮಾನ್ಯವಾಗಿ ಇ-ವೇ ಬಿಲ್ ಬೇಕು. ನಮ್ಮವರಿಗೆ ಇದು ಪೂರ್ತಿ ಹೊಸದೇನಲ್ಲ, ವ್ಯಾಟ್ ಕಾಲದಲ್ಲಿ ಇ-ಸುಗಮ್ ಇತ್ತು. 2018ರ ಏಪ್ರಿಲ್ 1ರಂದು ಅಂತರರಾಜ್ಯ ಸಾಗಣೆಗೆ ದೇಶದಾದ್ಯಂತ ಇ-ವೇ ಬಿಲ್ ಬಂತು. ರಾಜ್ಯದೊಳಗಿನ ಸಾಗಣೆಗೂ ಅದೇ ದಿನ ಜಾರಿ ಮಾಡಿದ್ದು ಕರ್ನಾಟಕ.

ಬಿಲ್‌ನಲ್ಲಿ ಎರಡು ಭಾಗ. ಪಾರ್ಟ್-ಎ ಸರಕಿನದು: ಯಾರು ಕಳಿಸಿದ್ದು, ಯಾರಿಗೆ, ಇನ್‌ವಾಯ್ಸ್ ನಂಬರ್, ಬೆಲೆ. ಪಾರ್ಟ್-ಬಿ ಗಾಡಿಯದು. ಕಳಿಸುವವರು ಪಾರ್ಟ್-ಎ ತುಂಬಿ ನಿಮ್ಮ ಐಡಿ ಹಾಕಿದರೆ ಆ ಬಿಲ್ ನಿಮ್ಮ ಖಾತೆಗೆ ಬರುತ್ತೆ. ಆಮೇಲೆ ಗಾಡಿ ನಂಬರ್ ಹಾಕೋದು, ಬದಲಾಯಿಸೋದು, ಅವಧಿ ವಿಸ್ತರಿಸೋದು ಎಲ್ಲ ನಿಮ್ಮ ಕೆಲಸ. ಅಂದರೆ ಐಡಿ ಕೊಡೋದು ಬಿಲ್‌ನ ಕೀಲಿಕೈ ಯಾರ ಹತ್ರ ಇರಬೇಕು ಅಂತ ತೀರ್ಮಾನ ಮಾಡಿದ ಹಾಗೆ.

ಒಂದು ಉದಾಹರಣೆ

ದಾವಣಗೆರೆಯ ಕ್ಯಾಂಟರ್ ಮಾಲೀಕರೊಬ್ಬರು ಪೀಣ್ಯದಿಂದ ಹುಬ್ಬಳ್ಳಿಗೆ ಲೋಡ್ ಹಿಡಿದರು ಅಂತ ಇಟ್ಕೊಳ್ಳಿ. ಐಡಿ ಮಾತ್ರ ಬೇರೆ ಟ್ರಾನ್ಸ್‌ಪೋರ್ಟ್‌ನವರದು. ರಾತ್ರಿ ಹನ್ನೊಂದಕ್ಕೆ ಹಿರಿಯೂರು ದಾಟಿದ ಮೇಲೆ ಗಾಡಿ ಕೆಟ್ಟು ನಿಂತಿತು. ಸರಕನ್ನು ಬೇರೆ ಗಾಡಿಗೆ ಹಾಕಬಹುದು. ಆದರೆ ಆ ಗಾಡಿ ಹೊರಡೋ ಮೊದಲು ಅದರ ನಂಬರ್ ಪಾರ್ಟ್-ಬಿಯಲ್ಲಿ ಅಪ್‌ಡೇಟ್ ಆಗಬೇಕು. ಮಾಡೋರು ಯಾರು? ಐಡಿ ಯಾರದೋ ಅವರು. ಅವರು ಫೋನ್ ಎತ್ತದಿದ್ದರೆ?

ಕಾಯೋಣ ಅಂದರೆ ಬಿಲ್‌ಗೂ ಆಯಸ್ಸು ಇದೆ. ಮಾಮೂಲಿ ಸರಕಿಗೆ ಪ್ರತಿ 200 ಕಿ.ಮೀ. ಅಥವಾ ಅದರ ಭಾಗಕ್ಕೆ ಒಂದು ದಿನ. 410 ಕಿ.ಮೀ. ದೂರಕ್ಕೆ ಮೂರು ದಿನ. ಅವಧಿ ಮುಗಿಯುವ 8 ಗಂಟೆ ಮೊದಲು ಅಥವಾ ಮುಗಿದ 8 ಗಂಟೆಯೊಳಗೆ ಕಾರಣ ಕೊಟ್ಟು ವಿಸ್ತರಿಸಬಹುದು. ಅದನ್ನು ಮಾಡೋದಕ್ಕೂ ಅದೇ ಖಾತೆ ಬೇಕು.

ಸಿಕ್ಕಿಬಿದ್ದರೆ ಎಷ್ಟು? ಗಾಡಿ ನಂಬರ್‌ನಲ್ಲಿ ಒಂದೆರಡು ಅಂಕಿ ತಪ್ಪಾಗಿದ್ದರೆ 2018ರ ಸುತ್ತೋಲೆ ಪ್ರಕಾರ ಕೇಂದ್ರದ್ದು 500, ರಾಜ್ಯದ್ದು 500, ಒಟ್ಟು 1,000 ರೂಪಾಯಿ ದಂಡ. ಆದರೆ ಸರಿಯಾದ ಬಿಲ್ ಇಲ್ಲ ಅಂತ ಸೆಕ್ಷನ್ 129ರಲ್ಲಿ ಗಾಡಿ ತಡೆದರೆ ಲೆಕ್ಕವೇ ಬೇರೆ. ಸರಕಿನ ಮಾಲೀಕರು ಮುಂದೆ ಬಂದರೆ ತೆರಿಗೆಯ ಎರಡು ಪಟ್ಟು ದಂಡ. ಎರಡು ಲಕ್ಷದ ಸರಕಿಗೆ ಶೇ 18ರಂತೆ ತೆರಿಗೆ 36,000, ದಂಡ 72,000. ಅವರು ಬರದಿದ್ದರೆ ಸರಕಿನ ಬೆಲೆಯ ಅರ್ಧ ಅಥವಾ ತೆರಿಗೆಯ ಎರಡು ಪಟ್ಟು, ಯಾವುದು ಹೆಚ್ಚೋ ಅದು. ಅಲ್ಲಿಯವರೆಗೆ ಗಾಡಿ ನಿಂತಲ್ಲೇ ನಿಂತಿರುತ್ತೆ, ಸಾಲದ ಕಂತು ಮಾತ್ರ ನಿಲ್ಲಲ್ಲ.

ಪಡೆಯೋದು ಹೇಗೆ?

ನಿಮಗೆ ಜಿಎಸ್‌ಟಿ ನೋಂದಣಿ ಇದ್ದರೆ ಆ ಜಿಎಸ್‌ಟಿ ನಂಬರೇ ನಿಮ್ಮ ಟ್ರಾನ್ಸ್‌ಪೋರ್ಟರ್ ಐಡಿ. ಇ-ವೇ ಬಿಲ್ ಪೋರ್ಟಲ್‌ನಲ್ಲಿ ಒಮ್ಮೆ ರಿಜಿಸ್ಟರ್ ಆದರೆ ಸಾಕು.

ನೋಂದಣಿ ಇಲ್ಲದವರಿಗೆ ಅದೇ ಪೋರ್ಟಲ್‌ನಲ್ಲಿ ಟ್ರಾನ್ಸ್‌ಪೋರ್ಟರ್‌ಗಳ ಎನ್‌ರೋಲ್‌ಮೆಂಟ್ ಅಂತ ಇದೆ, ಫಾರ್ಮ್ ಹೆಸರು ಇಎನ್‌ಆರ್-01. ಪ್ಯಾನ್, ವಿಳಾಸ, ಮೊಬೈಲ್, ಇಮೇಲ್ ಕೊಡಬೇಕು. ಗುರುತಿನ ಮತ್ತು ವಿಳಾಸದ ದಾಖಲೆ ಅಪ್‌ಲೋಡ್ ಮಾಡಬೇಕು. ಹೆಸರು ಪ್ಯಾನ್ ಕಾರ್ಡ್‌ನಲ್ಲಿ ಹೇಗಿದೆಯೋ ಹಾಗೇ ಇರಲಿ, ಇನಿಷಿಯಲ್ ಹಿಂದೆಮುಂದೆ ಆದರೂ ತಾಳೆ ಆಗಲ್ಲ. ಮುಗಿದ ಮೇಲೆ ಟ್ರಾನ್ಸಿನ್ ಅನ್ನೋ 15 ಅಕ್ಷರಗಳ ನಂಬರ್ ಸಿಗುತ್ತೆ. ರಾಜ್ಯದ ಕೋಡ್, ನಿಮ್ಮ ಪ್ಯಾನ್, ಕೊನೆಗೆ ತಾಳೆ ನೋಡುವ ಅಕ್ಷರ, ಹೀಗೆ ಜಿಎಸ್‌ಟಿ ನಂಬರ್ ತರಹವೇ ಇರುತ್ತೆ. ಸರ್ಕಾರಿ ಶುಲ್ಕ ಇಲ್ಲ. ಯಾರಾದರೂ ದುಡ್ಡು ಕೇಳಿದರೆ ಅದು ಫಾರ್ಮ್ ತುಂಬಿದ ಕೂಲಿ ಅಷ್ಟೇ.

ಒಂದೇ ಪ್ಯಾನ್ ಮೇಲೆ ಎರಡು-ಮೂರು ರಾಜ್ಯಗಳಲ್ಲಿ ಜಿಎಸ್‌ಟಿ ಇರೋ ಟ್ರಾನ್ಸ್‌ಪೋರ್ಟರ್‌ಗಳು ಇಎನ್‌ಆರ್-02 ಮೂಲಕ ಎಲ್ಲ ಕಡೆಗೂ ಒಂದೇ ನಂಬರ್ ತಗೋಬಹುದು. ಆದರೆ ತಗೊಂಡ ಮೇಲೆ ಇ-ವೇ ಬಿಲ್‌ಗೆ ಹಳೆಯ ಜಿಎಸ್‌ಟಿ ನಂಬರ್‌ಗಳನ್ನು ಬಳಸೋ ಹಾಗಿಲ್ಲ. ಎಲ್ಲ ಪಾರ್ಟಿಗಳಿಗೂ ಹೊಸ ನಂಬರ್ ತಿಳಿಸಿ.

ಒಂದು ಮಾತು: ಕಳಿಸುವವರೇ ನೇರವಾಗಿ ಗಾಡಿ ನಂಬರ್ ಹಾಕಿದರೆ ಟ್ರಾನ್ಸ್‌ಪೋರ್ಟರ್ ಐಡಿ ಇಲ್ಲದೆಯೂ ಬಿಲ್ ಆಗುತ್ತೆ. ಆಗ ಕೀಲಿಕೈ ಅವರ ಹತ್ರ. ಹಾಗಾಗಿ ರಾತ್ರಿ ಯಾರಿಗೆ ಫೋನ್ ಮಾಡಬೇಕು ಅಂತ ಹೊರಡೋ ಮೊದಲೇ ಕೇಳಿಟ್ಕೊಳ್ಳಿ.

ಕಾಪಾಡಿಕೊಳ್ಳೋದು ಹೇಗೆ?

ಐಡಿ ಇದ್ದೂ ಇಲ್ಲದಂತೆ ಆಗೋದು ಹೆಚ್ಚಾಗಿ ಮೊಬೈಲ್ ನಂಬರ್‌ನಿಂದ. 2025ರ ಏಪ್ರಿಲ್ 1ರಿಂದ ಪೋರ್ಟಲ್‌ಗೆ ಲಾಗಿನ್ ಆಗಲು ಎಲ್ಲರಿಗೂ ಪಾಸ್‌ವರ್ಡ್ ಜೊತೆ ಓಟಿಪಿ ಕಡ್ಡಾಯ. ಎನ್‌ರೋಲ್ ಮಾಡುವಾಗ ಸೈಬರ್ ಸೆಂಟರ್‌ನವರ ನಂಬರ್ ಕೊಟ್ಟಿದ್ದರೆ ಅಥವಾ ಆ ಸಿಮ್ ಬಂದ್ ಆಗಿದ್ದರೆ ಖಾತೆ ನಿಮ್ಮ ಕೈಯಲ್ಲಿಲ್ಲ ಅಂತಲೇ ಅರ್ಥ. ಇವತ್ತೇ ಒಮ್ಮೆ ಲಾಗಿನ್ ಆಗಿ ನೋಡಿ. ಎಸ್‌ಎಂಎಸ್ ನಂಬಿಕೊಳ್ಳೋದು ಕಷ್ಟ ಅನ್ನಿಸಿದರೆ ಎನ್‌ಐಸಿ-ಜಿಎಸ್‌ಟಿ-ಶೀಲ್ಡ್ ಆ್ಯಪ್ ಹಾಕಿಕೊಳ್ಳಿ, ಅದು ಇಂಟರ್ನೆಟ್ ಇಲ್ಲದೆಯೂ ಓಟಿಪಿ ಕೊಡುತ್ತೆ.

ಆಫೀಸ್‌ನಲ್ಲಿ ಹುಡುಗರು ಬಿಲ್ ಮಾಡೋದಾದರೆ ನಿಮ್ಮ ಪಾಸ್‌ವರ್ಡ್ ಹಂಚಬೇಡಿ, ಸಬ್-ಯೂಸರ್ ಮಾಡಿಕೊಡಿ. ಕೆಲಸ ಬಿಟ್ಟುಹೋದ ದಿನವೇ ಅದನ್ನು ನಿಲ್ಲಿಸಿ. ವಿಳಾಸ ಬದಲಾದರೆ ಪೋರ್ಟಲ್‌ನಲ್ಲೂ ತಿದ್ದುಪಡಿ ಮಾಡಬೇಕು, ನಿಯಮವೇ ಹಾಗಿದೆ. ಜಿಎಸ್‌ಟಿ ಇಲ್ಲದಿದ್ದರೂ ಯಾರ ಸರಕು, ಎಲ್ಲಿಂದ ಎಲ್ಲಿಗೆ, ಯಾವಾಗ ಡೆಲಿವರಿ ಅನ್ನೋ ದಾಖಲೆ ಇಡೋ ಹೊಣೆಯೂ ಟ್ರಾನ್ಸ್‌ಪೋರ್ಟರ್‌ದೇ. ಎಲ್‌ಆರ್ ಪುಸ್ತಕ ಎಸೆಯಬೇಡಿ.

ಕೊನೆಯದಾಗಿ, ನಿಮ್ಮ ಐಡಿಯನ್ನೂ ಬೇರೆಯವರಿಗೆ ಸಾಲ ಕೊಡಬೇಡಿ. ಅವರ ಲೋಡ್‌ನಲ್ಲಿ ಏನಿದೆ ಅಂತ ನೀವು ನೋಡಿರಲ್ಲ, ದಾಖಲೆಯಲ್ಲಿ ಮಾತ್ರ ಸಾಗಿಸಿದವರು ನೀವೇ. ಬೇರೆಯವರಿಗೆ ಲೋಡ್ ದಾಟಿಸಬೇಕಾದರೆ ಪೋರ್ಟಲ್‌ನಲ್ಲೇ ಟ್ರಾನ್ಸ್‌ಪೋರ್ಟರ್ ಬದಲಾಯಿಸುವ ಅವಕಾಶ ಇದೆ. ಅವರ ಐಡಿ ಹಾಕಿ, ಬಿಲ್ ಅವರ ಹೆಸರಿಗೆ ಹೋಗುತ್ತೆ. ಅವರಿಗೆ ಐಡಿ ಇಲ್ಲ ಅಂದರೆ ಈ ಸಂಚಿಕೆ ಕಳಿಸಿಕೊಡಿ.

ನಿಮ್ಮ ಪ್ರಶ್ನೆಗಳನ್ನು ವಾಯ್ಸ್ ನೋಟ್ ಮಾಡಿ ಕಳಿಸಿ. ಮುಂದಿನ ವಾರ ಸಿಗೋಣ.